ತಜ್ಞರ ಜ್ಞಾನ, ಸಂಸ್ಥೆಯ ಹಿತ: ಅಂತರಜಾಲ ವಿಶ್ವಕೋಶದಲ್ಲಿ ಹಿತಾಸಕ್ತಿ ಸಂಘರ್ಷ

ಸರಕನ್ನು ಕೊಳ್ಳುವ ಮೊದಲು ಅದರ ಪೂರ್ವಾಪರವನ್ನು ವಿಚಾರಿಸುವುದು ವ್ಯಾಪಾರದಷ್ಟೇ ಹಳೆಯ ರೂಢಿ. ಹಿಂದೆ ಈ ವಿಚಾರಣೆಯು ಪೇಟೆಯ ಪರಿಚಯಸ್ಥರಲ್ಲಿಯೂ ದಲ್ಲಾಳಿಗಳಲ್ಲಿಯೂ ಬ್ಯಾಂಕಿನ ಅಧಿಕಾರಿಗಳಲ್ಲಿಯೂ ನಡೆಯುತ್ತಿತ್ತು. ಇಂದು ದೂರದೇಶದ ಖರೀದಿದಾರನು ಮೊದಲು ನೋಡುವುದು ಅಂತರಜಾಲವನ್ನು. ಅಲ್ಲಿಯೂ ಅನೇಕ ವೇಳೆ ಮೊದಲು ತೆರೆದುಕೊಳ್ಳುವುದು ವಿಕಿಪೀಡಿಯದ ಪುಟ. 2001ರ ಜನವರಿ 15ರಂದು ಇಂಗ್ಲಿಷಿನಲ್ಲಿ ಆರಂಭವಾದ ಈ ವಿಶ್ವಕೋಶವು 2003ರಲ್ಲಿ ಕನ್ನಡಕ್ಕೂ ಬಂದಿತು. ಕೃತಕ ಬುದ್ಧಿಮತ್ತೆಯ ಭಾಷಾ ವ್ಯವಸ್ಥೆಗಳ ತರಬೇತಿಯಲ್ಲಿಯೂ ಇದರ ಪಠ್ಯ ಬಳಕೆಯಾಗಿರುವುದರಿಂದ, ಇಲ್ಲಿ ಬರೆದ ಒಂದು ವಾಕ್ಯವು ಈ ಪುಟವನ್ನು ಎಂದೂ ತೆರೆಯದವರನ್ನೂ ತಲಪಬಹುದಾಗಿದೆ.

ಈ ವಿಶ್ವಕೋಶವನ್ನು ಯಾರು ಬೇಕಾದರೂ ತಿದ್ದಬಹುದು. ಹೀಗಿರುವಾಗ ಉದ್ಯಮಗಳ ಮುಂದೆ ಒಂದು ಸಹಜವಾದ ಪ್ರಶ್ನೆ ಏಳುತ್ತದೆ. ನಮ್ಮ ಉತ್ಪನ್ನದ ಕುರಿತಾದ ಲೇಖನದಲ್ಲಿ ತಪ್ಪಿದೆ. ಆ ವಿಷಯವನ್ನು ನಮ್ಮ ತಂತ್ರಜ್ಞರಿಗಿಂತ ಚೆನ್ನಾಗಿ ಬಲ್ಲವರಿಲ್ಲ. ಅವರೇ ಅದನ್ನು ತಿದ್ದಿದರೆ ದೋಷವೇನು? ಈ ಪ್ರಶ್ನೆಯನ್ನು ಪ್ರಾಮಾಣಿಕವಾಗಿಯೇ ಕೇಳಲಾಗುತ್ತದೆ. ಆದರೆ ಇದಕ್ಕೆ ತಪ್ಪು ಉತ್ತರ ಕಂಡುಕೊಂಡ ಸಂಸ್ಥೆಗಳು ಅಪಕೀರ್ತಿಗೆ ಗುರಿಯಾದ ನಿದರ್ಶನಗಳು ಹಲವು. ಆದುದರಿಂದ ಈ ವಿಷಯವನ್ನು ಕ್ರಮವಾಗಿ ಪರಿಶೀಲಿಸುವುದು ಅವಶ್ಯ.

ಹಿತಾಸಕ್ತಿ ಸಂಘರ್ಷ ಎಂದರೇನು?

ಹಿತಾಸಕ್ತಿ ಸಂಘರ್ಷವೆಂದರೆ ಅಪ್ರಾಮಾಣಿಕತೆ ಎಂಬ ತಪ್ಪು ಕಲ್ಪನೆ ವ್ಯಾಪಕವಾಗಿದೆ. ವಾಸ್ತವವಾಗಿ ಅದು ವ್ಯಕ್ತಿಯ ಗುಣವಲ್ಲ, ವ್ಯಕ್ತಿಯು ನಿಂತಿರುವ ಸ್ಥಾನ. ಒಬ್ಬನು ಎರಡು ಕರ್ತವ್ಯಗಳಿಗೆ ಏಕಕಾಲದಲ್ಲಿ ಬದ್ಧನಾಗಿದ್ದು, ಒಂದರ ಹಿತವು ಇನ್ನೊಂದರ ನಿರ್ವಹಣೆಯ ಮೇಲೆ ಪ್ರಭಾವ ಬೀರಬಹುದೆಂದು ನೋಡುವವರಿಗೆ ಸಕಾರಣವಾಗಿ ತೋರುವ ಪರಿಸ್ಥಿತಿಯೇ ಹಿತಾಸಕ್ತಿ ಸಂಘರ್ಷ. ಆತನು ಸತ್ಯಸಂಧನಾಗಿದ್ದರೂ ಆ ಪರಿಸ್ಥಿತಿ ಇದ್ದೇ ಇರುತ್ತದೆ.

ವಾಣಿಜ್ಯ ಕ್ಷೇತ್ರಕ್ಕೆ ಇದು ಅಪರಿಚಿತ ತತ್ತ್ವವಲ್ಲ. ಕಂಪನಿಯೊಂದು ಮಾಡಿಕೊಳ್ಳುವ ಒಪ್ಪಂದದಲ್ಲಿ ನಿರ್ದೇಶಕನಿಗೆ ಸ್ವಂತ ಆಸಕ್ತಿ ಇದ್ದರೆ ಅದನ್ನು ಮಂಡಳಿಗೆ ತಿಳಿಸಬೇಕೆಂದು 1956ರ ಕಂಪನಿ ಕಾಯಿದೆಯ 299ನೆಯ ಕಲಮು ವಿಧಿಸಿತ್ತು. ಅಂತಹ ನಿರ್ದೇಶಕನು ಚರ್ಚೆಯಲ್ಲಿ ಪಾಲ್ಗೊಳ್ಳುವುದನ್ನೂ ಮತ ನೀಡುವುದನ್ನೂ 300ನೆಯ ಕಲಮು ನಿರ್ಬಂಧಿಸಿತ್ತು. 2013ರ ಕಾಯಿದೆಯ 184ನೆಯ ಕಲಮಿನಲ್ಲಿ ಇದೇ ತತ್ತ್ವ ಮುಂದುವರಿದಿದೆ. ಆಸಕ್ತಿಯನ್ನು ಪ್ರಕಟಿಸಿದ ನಿರ್ದೇಶಕನನ್ನು ಯಾರೂ ಕಳ್ಳನೆಂದು ಕರೆಯುವುದಿಲ್ಲ. ಪ್ರಕಟಿಸದೆ ಮತ ಹಾಕಿದವನ ವಿಷಯದಲ್ಲಿ ಮಾತ್ರ ಪ್ರಶ್ನೆ ಏಳುತ್ತದೆ. ಅಂತರಜಾಲ ವಿಶ್ವಕೋಶದ ನಿಯಮಗಳೂ ಇದೇ ಹಾದಿಯಲ್ಲಿ ಸಾಗುತ್ತವೆ: ಮೊದಲು ಸಂಬಂಧವನ್ನು ಪ್ರಕಟಿಸುವುದು, ಬಳಿಕ ತೀರ್ಮಾನವನ್ನು ಇತರರಿಗೆ ಬಿಡುವುದು.

ವಿಶ್ವಕೋಶದಲ್ಲಿ ತಜ್ಞರ ಸ್ಥಾನ

ತಜ್ಞರ ವಿಷಯದಲ್ಲಿ ತೊಡಕು ಇನ್ನೂ ಹೆಚ್ಚು. ಜಿಮ್ಮಿ ವೇಲ್ಸ್ ಮತ್ತು ಲ್ಯಾರಿ ಸ್ಯಾಂಗರ್ ಅವರು 2000ದಲ್ಲಿ ಆರಂಭಿಸಿದ ನ್ಯೂಪೀಡಿಯ ಎಂಬ ಮೊದಲ ಯೋಜನೆಯು ತಜ್ಞರಿಂದಲೇ ಬರೆಸಿ, ಏಳು ಹಂತಗಳ ಪರಿಶೀಲನೆಗೆ ಒಳಪಡಿಸುವ ಪದ್ಧತಿಯನ್ನು ಅನುಸರಿಸಿತು. ಒಂದು ವರ್ಷದಲ್ಲಿ ಪೂರ್ಣಗೊಂಡ ಲೇಖನಗಳು ಸುಮಾರು 20 ಮಾತ್ರ. ಎಲ್ಲರಿಗೂ ತೆರೆದ ವಿಕಿಪೀಡಿಯವು ತನ್ನ ಮೊದಲ ವರ್ಷದಲ್ಲೇ ಸುಮಾರು 20,000 ಲೇಖನಗಳನ್ನು ಕಂಡಿತು. 2005ರ ಡಿಸೆಂಬರಿನಲ್ಲಿ ನೇಚರ್ ಪತ್ರಿಕೆಯು ವಿಜ್ಞಾನ ವಿಷಯದ 42 ಲೇಖನಗಳನ್ನು ಹೋಲಿಸಿ ನೋಡಿದಾಗ, ಒಂದು ಲೇಖನಕ್ಕೆ ವಿಕಿಪೀಡಿಯದಲ್ಲಿ ಸರಾಸರಿ 4, ಬ್ರಿಟಾನಿಕ ವಿಶ್ವಕೋಶದಲ್ಲಿ ಸರಾಸರಿ 3 ತಪ್ಪುಗಳಿರುವುದಾಗಿ ವರದಿ ಮಾಡಿತು. ಬ್ರಿಟಾನಿಕ ಸಂಸ್ಥೆಯು ಈ ಹೋಲಿಕೆಯನ್ನು 2006ರಲ್ಲಿ ತೀವ್ರವಾಗಿ ಆಕ್ಷೇಪಿಸಿತು.

ಆದರೆ ತೆರೆದ ಬಾಗಿಲಿಗೆ ಒಂದು ಬೆಲೆಯೂ ಇದೆ. ಬರೆಯುವವನು ನಿಜವಾಗಿಯೂ ತಜ್ಞನೇ ಎಂಬುದನ್ನು ವಿಕಿಪೀಡಿಯ ಪರೀಕ್ಷಿಸುವುದಿಲ್ಲ. ಧರ್ಮಶಾಸ್ತ್ರದ ಪ್ರಾಧ್ಯಾಪಕನೆಂದು ಹೇಳಿಕೊಂಡಿದ್ದ ಒಬ್ಬ ಪ್ರಮುಖ ಸಂಪಾದಕನು ಯಾವ ಪ್ರಾಧ್ಯಾಪಕನೂ ಅಲ್ಲದ 24 ವರ್ಷದ ಯುವಕನೆಂಬುದು 2007ರಲ್ಲಿ ಬಹಿರಂಗವಾಯಿತು. ಈ ಕಾರಣದಿಂದಲೇ ಅಲ್ಲಿ ಬರೆದವನ ಪದವಿಗೆ ಬೆಲೆಯಿಲ್ಲ. ಬರೆದ ಮಾತಿಗೆ ಪ್ರಕಟಿತ ಆಧಾರ ಇದೆಯೇ ಎಂಬುದಷ್ಟೇ ಮುಖ್ಯ.

ಈ ನಿಯಮದ ಕಾಠಿಣ್ಯವನ್ನು ಅಮೆರಿಕದ ಕಾದಂಬರಿಕಾರ ಫಿಲಿಪ್ ರಾತ್ ಅನುಭವಿಸಿದರು. ತಮ್ಮದೇ ಕಾದಂಬರಿಯೊಂದರ ಪ್ರೇರಣೆ ಯಾರೆಂಬ ವಿಷಯದಲ್ಲಿ ವಿಕಿಪೀಡಿಯ ಲೇಖನವು ತಪ್ಪಿದೆಯೆಂದು ಅವರ ಪರವಾಗಿ ತಿಳಿಸಿದಾಗ, ಲೇಖಕನ ಮಾತೊಂದೇ ಸಾಲದು, ಬೇರೆ ಪ್ರಕಟಿತ ಆಧಾರ ಬೇಕೆಂಬ ಉತ್ತರ ಬಂದಿತು. ರಾತ್ ಅವರು 2012ರ ಸೆಪ್ಟೆಂಬರಿನಲ್ಲಿ ನ್ಯೂಯಾರ್ಕರ್ ಪತ್ರಿಕೆಯ ಮೂಲಕ ಬಹಿರಂಗ ಪತ್ರ ಬರೆದರು. ಆ ಪತ್ರವೇ ಪ್ರಕಟಿತ ಆಧಾರವಾಗಿ ಲೇಖನದಲ್ಲಿ ಸ್ಥಾನ ಪಡೆಯಿತು. ಮೇಲ್ನೋಟಕ್ಕೆ ಇದು ವಿಚಿತ್ರವೆನಿಸಬಹುದು. ಆದರೆ ಹೆಸರು ಹಾಕಿ, ಹೊಣೆ ಹೊತ್ತು, ಬೇರೆಡೆ ಪ್ರಕಟಿಸಿದ ಮಾತನ್ನು ಯಾರು ಬೇಕಾದರೂ ತೆರೆದು ಪರೀಕ್ಷಿಸಬಹುದು ಎಂಬುದೇ ಇಲ್ಲಿನ ತರ್ಕ.

2007ರ ಒಂದು ಪ್ರಕರಣ

ತಜ್ಞತೆ ಮತ್ತು ಹಿತಾಸಕ್ತಿ ಮುಖಾಮುಖಿಯಾದ ಸುಪ್ರಸಿದ್ಧ ಪ್ರಕರಣವು 2007ರ ಜನವರಿಯಲ್ಲಿ ನಡೆಯಿತು. ಆ ಕಾಲದಲ್ಲಿ ಕಚೇರಿಯ ದಾಖಲೆಗಳನ್ನು ಗಣಕದಲ್ಲಿ ಉಳಿಸುವ ಎರಡು ಮಾದರಿಗಳ ನಡುವೆ ತೀವ್ರ ಪೈಪೋಟಿ ಇತ್ತು. ಐಬಿಎಂ ಮೊದಲಾದ ಸಂಸ್ಥೆಗಳು ಬೆಂಬಲಿಸಿದ ಓಪನ್ ಡಾಕ್ಯುಮೆಂಟ್ ಮಾದರಿಗೆ 2006ರಲ್ಲಿ ಅಂತರರಾಷ್ಟ್ರೀಯ ಮಾನಕ ಸಂಸ್ಥೆಯ ಮನ್ನಣೆ ದೊರೆತಿತ್ತು. ಮೈಕ್ರೋಸಾಫ್ಟ್ ಸಂಸ್ಥೆಯು ತನ್ನ ಆಫೀಸ್ ಓಪನ್ ಎಕ್ಸ್‌ಎಂಎಲ್ ಮಾದರಿಗೆ ಅದೇ ಮನ್ನಣೆಯನ್ನು ಬಯಸುತ್ತಿತ್ತು. ಯಾವ ಮಾದರಿಯನ್ನು ಅಂಗೀಕರಿಸಬೇಕೆಂದು ಸರಕಾರಗಳು ಯೋಚಿಸುತ್ತಿದ್ದುದರಿಂದ ಇದರ ಹಿಂದೆ ದೊಡ್ಡ ವ್ಯಾಪಾರವಿತ್ತು. ಭಾರತೀಯ ಮಾನಕ ಬ್ಯೂರೋ ಸಹ ಈ ವಿವಾದದಲ್ಲಿ ಮತ ನೀಡಬೇಕಾಗಿ ಬಂದು, 2007ರಲ್ಲಿ ಮೈಕ್ರೋಸಾಫ್ಟ್‌ನ ಮಾದರಿಯ ವಿರುದ್ಧ ಮತ ಹಾಕಿತು. ಆ ಮಾದರಿಗೆ ಅಂತರರಾಷ್ಟ್ರೀಯ ಮನ್ನಣೆ ದೊರೆತದ್ದು 2008ರಲ್ಲಿ.

ವಿಕಿಪೀಡಿಯದಲ್ಲಿ ಈ ವಿಷಯದ ಲೇಖನಗಳು ತನಗೆ ಪ್ರತಿಕೂಲವಾಗಿಯೂ ತಪ್ಪುಗಳಿಂದ ಕೂಡಿಯೂ ಇವೆಯೆಂಬುದು ಮೈಕ್ರೋಸಾಫ್ಟ್‌ನ ಅಳಲಾಗಿತ್ತು. ಅದು ಆಸ್ಟ್ರೇಲಿಯದ ರಿಕ್ ಜೆಲಿಫ್ ಎಂಬ ತಜ್ಞರನ್ನು ಸಂಪರ್ಕಿಸಿ, ಅವರ ಸಮಯಕ್ಕೆ ಸಂಭಾವನೆ ಕೊಡುವುದಾಗಿಯೂ ಅವರು ಲೇಖನಗಳನ್ನು ಪರಿಶೀಲಿಸಿ ತಿದ್ದಬೇಕೆಂದೂ ಕೇಳಿತು. ಬರೆದುದನ್ನು ಸಂಸ್ಥೆಯು ಮೊದಲೇ ನೋಡಿ ಒಪ್ಪಿಗೆ ಕೊಡುವ ಷರತ್ತು ಇರಲಿಲ್ಲ. ಜೆಲಿಫ್ ಅವರು ಆ ಕ್ಷೇತ್ರದಲ್ಲಿ ಹೆಸರಾದವರು. ತಮಗೆ ಬಂದ ಕರೆಯನ್ನು ಅವರು ಗುಟ್ಟಾಗಿಡದೆ, ಕೆಲಸ ಆರಂಭಿಸುವ ಮೊದಲೇ ಬಹಿರಂಗಪಡಿಸಿದರು. ಹಣವಿನ್ನೂ ಕೈಬದಲಾಗಿರಲಿಲ್ಲ. ಆದರೂ ಸುದ್ದಿಯು ಜಗತ್ತಿನಾದ್ಯಂತ ಪತ್ರಿಕೆಗಳಲ್ಲಿ ವಿವಾದವಾಯಿತು.

ಈ ಪ್ರಕರಣದಿಂದ ಕಲಿಯಬೇಕಾದ ಸಂಗತಿಗಳು ಎರಡು. ಮೊದಲನೆಯದು, ತಜ್ಞರ ನಡತೆಯಲ್ಲಿ ಕುಂದು ಹುಡುಕುವುದು ಕಷ್ಟ; ಅವರು ಮಾಡಬೇಕಾದ ಪ್ರಕಟಣೆಯನ್ನು ಮಾಡಿದ್ದರು. ಲೇಖನಗಳಲ್ಲಿ ತಪ್ಪುಗಳಿದ್ದವೆಂಬ ದೂರು ನಿಜವೂ ಆಗಿರಬಹುದು. ಎರಡನೆಯದು, ದೂರು ನಿಜವಾದ ಮಾತ್ರಕ್ಕೆ ಹಿಡಿದ ಮಾರ್ಗ ಸರಿಯಾಗುವುದಿಲ್ಲ. ಒಬ್ಬ ಸ್ಪರ್ಧಿಯಿಂದ ಹಣ ಪಡೆದವನು ಲೇಖನದೊಳಗೆ ಕೈಯಾಡಿಸಿದರೆ, ಅವನು ತಿದ್ದಿದ ಸರಿಯಾದ ವಾಕ್ಯದ ಮೇಲೂ ಓದುಗನಿಗೆ ಶಂಕೆ ಹುಟ್ಟುತ್ತದೆ. ಅಂದು ಜಿಮ್ಮಿ ವೇಲ್ಸ್ ಅವರು ಸೂಚಿಸಿದ ದಾರಿ ಬೇರೆ: ಸಂಸ್ಥೆಯು ತನ್ನ ವಾದವನ್ನು ಒಂದು ಪ್ರಬಂಧವಾಗಿ ಬರೆಸಿ, ಬೇರೆಡೆ ತನ್ನ ಹೆಸರಿನಲ್ಲೇ ಪ್ರಕಟಿಸಿ, ಅದರತ್ತ ಲೇಖನದ ಚರ್ಚಾಪುಟದಲ್ಲಿ ಸಂಪಾದಕರ ಗಮನ ಸೆಳೆಯಬಹುದಾಗಿತ್ತು. ಅದೇ ಜ್ಞಾನ, ಅದೇ ವೆಚ್ಚ. ಬದಲಾಗುತ್ತಿದ್ದುದು ಲೇಖನಿ ಹಿಡಿದ ಕೈ ಮಾತ್ರ.

ಮರೆಮಾಚಿದವರ ಗತಿ

ಮೇಲಿನ ಪ್ರಕರಣದಲ್ಲಿ ಗುಟ್ಟು ಇರಲಿಲ್ಲ. ಗುಟ್ಟಾಗಿ ತಿದ್ದಿದವರ ಕಥೆ ಬೇರೆ. ವಿಕಿಪೀಡಿಯದಲ್ಲಿ ಪ್ರತಿಯೊಂದು ತಿದ್ದುಪಡಿಯೂ ದಿನಾಂಕ ಮತ್ತು ವೇಳೆಯ ಸಹಿತ ಇತಿಹಾಸದ ಪುಟದಲ್ಲಿ ಉಳಿಯುತ್ತದೆ. 2007ರ ಆಗಸ್ಟಿನಲ್ಲಿ ವರ್ಜಿಲ್ ಗ್ರಿಫಿತ್ ಎಂಬ ಸಂಶೋಧನಾ ವಿದ್ಯಾರ್ಥಿಯು ಪ್ರಕಟಿಸಿದ ವಿಕಿಸ್ಕ್ಯಾನರ್ ಎಂಬ ಸಾಧನವು, ಅನಾಮಧೇಯ ತಿದ್ದುಪಡಿಗಳು ಯಾವ ಸಂಸ್ಥೆಯ ಜಾಲದಿಂದ ಬಂದವೆಂಬುದನ್ನು ಸಾರ್ವಜನಿಕರ ಮುಂದಿಟ್ಟಿತು. ಮತಯಂತ್ರಗಳನ್ನು ತಯಾರಿಸುತ್ತಿದ್ದ ಅಮೆರಿಕದ ಡೀಬೋಲ್ಡ್ ಸಂಸ್ಥೆಯ ಜಾಲದಿಂದ, ಆ ಯಂತ್ರಗಳ ಕುರಿತಾದ ಟೀಕೆಯ ಭಾಗಗಳನ್ನು 2005ರಲ್ಲಿ ಅಳಿಸಲಾಗಿತ್ತೆಂಬುದು ಹೀಗೆ ಹೊರಬಿದ್ದಿತು. ಅಳಿಸಿದ ಭಾಗಗಳು ಮರಳಿ ಸೇರಿದವು. ಅಳಿಸಿದವರ ಸುದ್ದಿ ಅದಕ್ಕಿಂತ ಹೆಚ್ಚು ಪ್ರಚಾರ ಪಡೆಯಿತು.

2013ರಲ್ಲಿ ವಿಕಿ-ಪಿಆರ್ ಎಂಬ ಸಂಸ್ಥೆಯು ಹಣ ಪಡೆದು ಗ್ರಾಹಕರ ಪರವಾಗಿ ಗುಟ್ಟಾಗಿ ಲೇಖನಗಳನ್ನು ಬರೆಯುತ್ತಿದ್ದುದು ಪತ್ತೆಯಾಗಿ, 250ಕ್ಕೂ ಹೆಚ್ಚು ಖಾತೆಗಳು ನಿರ್ಬಂಧಕ್ಕೆ ಒಳಗಾದವು. ಇದರ ಬೆನ್ನಲ್ಲಿ ವಿಕಿಮೀಡಿಯ ಪ್ರತಿಷ್ಠಾನವು 2014ರ ಜೂನ್ 16ರಂದು ತನ್ನ ಬಳಕೆಯ ನಿಬಂಧನೆಗಳನ್ನು ತಿದ್ದಿ, ಸಂಭಾವನೆ ಪಡೆದು ಬರೆಯುವವರು ತಮ್ಮ ಉದ್ಯೋಗದಾತರನ್ನೂ ಗ್ರಾಹಕರನ್ನೂ ಸಂಬಂಧವನ್ನೂ ಪ್ರಕಟಿಸುವುದನ್ನು ಕಡ್ಡಾಯಗೊಳಿಸಿತು.

ಸಣ್ಣ ಉದ್ಯಮಗಳು ವಿಶೇಷವಾಗಿ ಗಮನಿಸಬೇಕಾದುದು 2015ರ ಪ್ರಕರಣ. ಇಂಗ್ಲಿಷ್ ವಿಕಿಪೀಡಿಯದಲ್ಲಿ ಅಂದು 381 ಖಾತೆಗಳನ್ನು ಒಟ್ಟಿಗೆ ನಿರ್ಬಂಧಿಸಿ, ಸುಮಾರು 210 ಲೇಖನಗಳನ್ನು ತೆಗೆದುಹಾಕಲಾಯಿತು. ಈ ಗುಂಪಿನವರು ಸಣ್ಣ ಸಂಸ್ಥೆಗಳನ್ನೂ ಕಲಾವಿದರನ್ನೂ ಸಂಪರ್ಕಿಸಿ, ತಿರಸ್ಕೃತವಾದ ಅವರ ಲೇಖನವನ್ನು ಪ್ರಕಟಿಸಿ ಕೊಡುವುದಾಗಿ ಹಣ ಪಡೆಯುತ್ತಿದ್ದರು. ಕೆಲವರಿಂದ ಆ ಲೇಖನದ ‘ರಕ್ಷಣೆ’ಗೆಂದು ಮತ್ತೆ ಹಣ ಕೇಳುತ್ತಿದ್ದರು. ಅದೇ ವರ್ಷದ ಫೆಬ್ರವರಿಯಲ್ಲಿ, ಭಾರತದ ಒಂದು ಖಾಸಗಿ ವ್ಯವಸ್ಥಾಪನಾ ಶಿಕ್ಷಣ ಸಂಸ್ಥೆಯ ಲೇಖನವನ್ನು ವರ್ಷಗಟ್ಟಲೆ ಅನುಕೂಲಕರವಾಗಿ ತಿದ್ದುತ್ತಿದ್ದ ಒಬ್ಬ ನಿರ್ವಾಹಕನನ್ನು ವಿಕಿಪೀಡಿಯದ ಪಂಚಾಯಿತಿ ಸಮಿತಿಯು ಹೊರಹಾಕಿತು. ಆ ಲೇಖನವನ್ನು ನಂಬಿ ಶುಲ್ಕ ಕಟ್ಟಿದ ವಿದ್ಯಾರ್ಥಿ ಒಬ್ಬನಾದರೂ ಇದ್ದಿದ್ದರೆ, ಅವನ ನಷ್ಟವನ್ನು ಯಾವ ತಿದ್ದುಪಡಿಯೂ ತುಂಬಲಾರದು.

ಕಾನೂನಿನ ಭಯವೂ ಇಲ್ಲದಿಲ್ಲ. ಜರ್ಮನಿಯ ಮ್ಯೂನಿಕ್ ನಗರದ ಮೇಲ್ಮನವಿ ನ್ಯಾಯಾಲಯವು 2012ರಲ್ಲಿ, ಸಂಸ್ಥೆಯೊಂದರ ಪರವಾಗಿ ವಿಕಿಪೀಡಿಯದಲ್ಲಿ ಸೇರಿಸಿದ ಬರಹವನ್ನು ಮರೆಮಾಚಿದ ಜಾಹೀರಾತೆಂದು ಪರಿಗಣಿಸಿ ಅನುಚಿತ ಸ್ಪರ್ಧೆಯೆಂದು ತೀರ್ಪಿತ್ತಿತು. ನಮ್ಮ ದೇಶದಲ್ಲಿಯೂ 2019ರ ಗ್ರಾಹಕ ಸಂರಕ್ಷಣಾ ಕಾಯಿದೆಯಡಿ 2022ರ ಜೂನ್‌ನಲ್ಲಿ ಹೊರಬಂದ ಮಾರ್ಗಸೂಚಿಗಳು, ಉತ್ಪನ್ನವನ್ನು ಅನುಮೋದಿಸುವವನಿಗೂ ತಯಾರಕನಿಗೂ ಇರುವ ಮಹತ್ವದ ಸಂಬಂಧವನ್ನು ಪ್ರಕಟಿಸಬೇಕೆಂದು ವಿಧಿಸುತ್ತವೆ. ಈ ಮಾರ್ಗಸೂಚಿಗಳು ಜಾಹೀರಾತಿಗೆ ಸಂಬಂಧಿಸಿದವು. ಆದರೂ ಕಾಲದ ಒಲವು ಯಾವ ಕಡೆಗಿದೆ ಎಂಬುದನ್ನು ಇವು ಸ್ಪಷ್ಟಪಡಿಸುತ್ತವೆ.

ಹಣವಿಲ್ಲದ ಹಿತಾಸಕ್ತಿ

ಹಣ ಪಡೆಯದ ತಜ್ಞನಿಗೆ ಹಿತಾಸಕ್ತಿಯೇ ಇಲ್ಲವೆನ್ನಲಾಗದು. ಹೆತ್ತವರಿಗೆ ಹೆಗ್ಗಣ ಮುದ್ದು ಎಂಬಂತೆ, ವಿದ್ವಾಂಸನಿಗೆ ತನ್ನ ಸಿದ್ಧಾಂತದ ಮೇಲೆ ಮಮತೆ ಇರುತ್ತದೆ. ಅಮೆರಿಕದ ಇತಿಹಾಸಕಾರ ತಿಮೊತಿ ಮೆಸರ್-ಕ್ರೂಸ್ ಅವರು 1886ರ ಷಿಕಾಗೊ ಹೇಮಾರ್ಕೆಟ್ ಘಟನೆಯ ವಿಚಾರಣೆಯನ್ನು ವರ್ಷಗಟ್ಟಲೆ ಅಭ್ಯಸಿಸಿದವರು. ತಮ್ಮ ಸಂಶೋಧನೆಯ ಆಧಾರದಿಂದ ವಿಕಿಪೀಡಿಯದ ಲೇಖನವನ್ನು ತಿದ್ದಿದಾಗ ಅವರ ತಿದ್ದುಪಡಿಗಳು ಮತ್ತೆ ಮತ್ತೆ ರದ್ದಾದವು. ಬಹುಸಂಖ್ಯೆಯ ವಿದ್ವಾಂಸರ ಅಭಿಪ್ರಾಯಕ್ಕೆ ವಿರುದ್ಧವಾದ ಒಂದು ಮತಕ್ಕೆ ಮಿತಿಮೀರಿದ ಪ್ರಾಧಾನ್ಯ ಕೊಡಲಾಗದೆಂಬುದು ಸಂಪಾದಕರ ಉತ್ತರವಾಗಿತ್ತು. ಈ ಅನುಭವವನ್ನು ಅವರು 2012ರಲ್ಲಿ ಬರೆದು ಪ್ರಕಟಿಸಿದಾಗ ವ್ಯಾಪಕ ಚರ್ಚೆ ನಡೆಯಿತು.

ಈ ದೂರಿನಲ್ಲಿ ಹುರುಳಿದೆ. ನಿಜವಾದ ತಜ್ಞನೊಬ್ಬನನ್ನು ಬೇಸರಪಡಿಸಿ ಹೊರಗೆ ಕಳುಹಿಸುವ ವಿಶ್ವಕೋಶವು ನಷ್ಟವನ್ನೇ ಅನುಭವಿಸುತ್ತದೆ. ಆದುದರಿಂದ ವಿಕಿಪೀಡಿಯದ ಮಾರ್ಗಸೂಚಿಯು ತಜ್ಞನನ್ನು ದೂರವಿಡುವುದಿಲ್ಲ. ತನ್ನ ಪ್ರಕಟಿತ ಕೃತಿಯನ್ನು ಆತನು ಉಲ್ಲೇಖಿಸುವುದಕ್ಕೂ ಅವಕಾಶವಿದೆ, ಅದು ಪ್ರಸ್ತುತವೂ ಮಿತವೂ ಆಗಿರಬೇಕಷ್ಟೆ. ತನ್ನ ಕ್ಷೇತ್ರದ ಬಗ್ಗೆ ಬರೆಯುವುದು ಸಂಘರ್ಷವಲ್ಲ. ತನ್ನ ಬಗ್ಗೆ, ತನ್ನ ಸಂಸ್ಥೆಯ ಬಗ್ಗೆ, ತನ್ನ ಗ್ರಾಹಕನ ಅಥವಾ ಪ್ರತಿಸ್ಪರ್ಧಿಯ ಬಗ್ಗೆ ಬರೆಯುವಾಗ ಸಂಘರ್ಷ ಆರಂಭವಾಗುತ್ತದೆ.

ಒಂದು ಉದಾಹರಣೆ

ಈ ಗೆರೆಯನ್ನು ಸ್ಪಷ್ಟಪಡಿಸಲು ನಮ್ಮ ನಾಡಿನ ಸರಕೊಂದನ್ನು ಆಧರಿಸಿ ಒಂದು ಸನ್ನಿವೇಶವನ್ನು ಕಲ್ಪಿಸಿಕೊಳ್ಳೋಣ. ಹಾವೇರಿ ಜಿಲ್ಲೆಯ ಬ್ಯಾಡಗಿ ಮೆಣಸಿನಕಾಯಿಗೆ 2011ರಲ್ಲಿ ಭೌಗೋಳಿಕ ಸೂಚಕದ ಮನ್ನಣೆ ದೊರೆತಿದೆ. ಕಡುಗೆಂಪು ಬಣ್ಣ ಮತ್ತು ಕಡಿಮೆ ಖಾರಕ್ಕೆ ಹೆಸರಾದ ಇದರಿಂದ ಬಣ್ಣದ ಸತ್ತ್ವವನ್ನು ತೆಗೆಯುವ ಉದ್ಯಮವೂ ಬೆಳೆದಿದೆ. ಇಂತಹ ಒಂದು ಕಾರ್ಖಾನೆಯ ರಸಾಯನಶಾಸ್ತ್ರಜ್ಞರು ವಿಶ್ವಕೋಶದ ಲೇಖನವನ್ನು ಓದುತ್ತಿದ್ದಾರೆಂದು ಭಾವಿಸಿ.

ಡಬ್ಬಿ ಮತ್ತು ಕಡ್ಡಿ ಎಂಬ ಎರಡು ಬಗೆಗಳ ವಿವರಣೆ ಅದಲುಬದಲಾಗಿದ್ದರೆ, ಪ್ರಕಟಿತ ಆಧಾರದೊಂದಿಗೆ ಅದನ್ನು ಸರಿಪಡಿಸುವುದಕ್ಕೆ ಅಡ್ಡಿಯಿಲ್ಲ. ಅದರಿಂದ ಅವರ ಕಾರ್ಖಾನೆಗೆ ವಿಶೇಷ ಲಾಭವಿಲ್ಲ. ಬಣ್ಣದ ಪ್ರಮಾಣವನ್ನು ಅಳೆಯುವ ಅಸ್ಟಾ ಮಾನದ ವಿವರಣೆಯನ್ನು ಸೇರಿಸಿದರೂ ಸರಿಯೆ. ಆದರೆ ತಮ್ಮ ಕಾರ್ಖಾನೆಯ ಸತ್ತ್ವವೇ ಅತ್ಯುತ್ತಮವೆಂಬ ವಾಕ್ಯವನ್ನು ಸೇರಿಸಿದರೆ, ಅಥವಾ ಕಲಬೆರಕೆಯ ಬಗೆಗಿನ ಭಾಗವನ್ನು ಅಳಿಸಿದರೆ, ಅವರು ಗೆರೆ ದಾಟಿದಂತೆ. ಕಲಬೆರಕೆಯ ಭಾಗದಲ್ಲಿ ಕಾರ್ಖಾನೆಯ ಹೆಸರು ತಪ್ಪಾಗಿ ಸೇರಿದ್ದರೆ ಏನು ಮಾಡಬೇಕು? ಚರ್ಚಾಪುಟದಲ್ಲಿ ತಾವು ಯಾರೆಂದು ತಿಳಿಸಿ, ತಪ್ಪು ವಾಕ್ಯ ಯಾವುದು, ಸರಿಯಾದುದು ಯಾವುದು, ಅದಕ್ಕೆ ಆಧಾರವೇನು ಎಂಬ ಮೂರನ್ನೂ ಬರೆದು, ಬೇರೆ ಸಂಪಾದಕರು ಪರಿಶೀಲಿಸಿ ತಿದ್ದಬೇಕೆಂದು ಕೋರಬೇಕು. ಸ್ಪಷ್ಟವಾದ ಕಿಡಿಗೇಡಿತನವನ್ನೂ ಆಧಾರರಹಿತ ಮಾನಹಾನಿಯನ್ನೂ ಕೂಡಲೇ ತೆಗೆಯಲು ನಿಯಮದಲ್ಲಿ ವಿನಾಯಿತಿ ಇದೆ. ಆಗಲೂ ಕಾರಣವನ್ನು ಬರೆದಿಡುವುದು ಲೇಸು.

ಉದ್ಯಮಗಳು ಗಮನದಲ್ಲಿಡಬೇಕಾದ ಅಂಶಗಳು

1. ಸಂಸ್ಥೆಯ ಪರವಾಗಿ ವಿಶ್ವಕೋಶದಲ್ಲಿ ಯಾರು ಮಾತನಾಡಬಹುದು ಎಂಬುದನ್ನು ಲಿಖಿತವಾಗಿ ನಿರ್ಧರಿಸಿರಿ. ಉತ್ಸಾಹಿ ನೌಕರನ ಗುಟ್ಟಿನ ತಿದ್ದುಪಡಿಯೂ ಸಂಸ್ಥೆಯ ಹೆಸರಿಗೇ ಅಂಟುತ್ತದೆ.

2. ಬರೆಯುವವರು ತಮ್ಮ ಸದಸ್ಯ ಪುಟದಲ್ಲಿ ಅಥವಾ ಚರ್ಚಾಪುಟದಲ್ಲಿ ಉದ್ಯೋಗದಾತರ ಮತ್ತು ಗ್ರಾಹಕರ ಹೆಸರನ್ನು ಪ್ರಕಟಿಸಲಿ. ಒಂದು ಖಾತೆಯನ್ನು ಹಲವರು ಬಳಸುವುದು ಬೇಡ.

3. ಲೇಖನವನ್ನು ನೇರವಾಗಿ ತಿದ್ದದೆ, ಚರ್ಚಾಪುಟದಲ್ಲಿ ಆಧಾರಸಹಿತ ಕೋರಿಕೆ ಸಲ್ಲಿಸಿರಿ. ಉತ್ತರ ತಡವಾಗಬಹುದು. ಸಂಪಾದಕರು ಕಡಿಮೆ ಇರುವ ಕನ್ನಡ ವಿಕಿಪೀಡಿಯದಲ್ಲಿ ಸಮುದಾಯದ ಚರ್ಚೆಗೆಂದೇ ಇರುವ ಅರಳಿ ಕಟ್ಟೆ ಎಂಬ ಪುಟದಲ್ಲಿಯೂ ವಿಷಯವನ್ನು ತಿಳಿಸಬಹುದು.

4. ಸಂಸ್ಥೆಯ ತಜ್ಞರಲ್ಲಿರುವ ಮಾಹಿತಿಯನ್ನು ತಾಂತ್ರಿಕ ಪತ್ರಿಕೆಗಳಲ್ಲಿ, ವರದಿಗಳಲ್ಲಿ ಹೆಸರು ಸಹಿತ ಪ್ರಕಟಿಸಿರಿ. ಪ್ರಕಟವಾಗದ ಜ್ಞಾನವನ್ನು ಯಾವ ಸಂಪಾದಕನೂ ಬಳಸಲಾರ.

5. ಲೇಖನವನ್ನು ಖಚಿತವಾಗಿ ಪ್ರಕಟಿಸಿ ಕೊಡುತ್ತೇವೆ, ಕಾಪಾಡುತ್ತೇವೆ ಎಂದು ಹಣ ಕೇಳುವವರನ್ನು ನಂಬಬೇಡಿ. ಅಂತಹ ಭರವಸೆ ಕೊಡುವ ಅಧಿಕಾರ ಯಾರಿಗೂ ಇಲ್ಲ.

6. ಪ್ರತಿಸ್ಪರ್ಧಿಯ ಲೇಖನಕ್ಕೂ ಇದೇ ನಿಯಮ ಅನ್ವಯಿಸುತ್ತದೆ. ಅಲ್ಲಿನ ತಪ್ಪನ್ನು ಎತ್ತಿ ತೋರಿಸುವಾಗಲೂ ತಾವು ಯಾರೆಂಬುದನ್ನು ಹೇಳಿಯೇ ತೋರಿಸಿರಿ.

ಉಪಸಂಹಾರ

ಒಂದು ವಿಷಯವನ್ನು ಆಳವಾಗಿ ಬಲ್ಲವರು ಬಹುಪಾಲು ಆ ವಿಷಯದಿಂದಲೇ ಜೀವನ ನಡೆಸುವವರು. ಆದುದರಿಂದ ಜ್ಞಾನ ಮತ್ತು ಹಿತಾಸಕ್ತಿ ಒಬ್ಬನಲ್ಲಿಯೇ ಕೂಡಿರುವುದು ಅಪವಾದವಲ್ಲ, ಸಾಮಾನ್ಯ ಸ್ಥಿತಿ. ಹಿತಾಸಕ್ತಿ ಇರುವವರೆಲ್ಲರನ್ನೂ ಹೊರಗಿಟ್ಟರೆ ವಿಶ್ವಕೋಶವು ಬಡವಾಗುತ್ತದೆ; ಅವರೆಲ್ಲರೂ ಮರೆಯಲ್ಲಿ ಬರೆದರೆ ಅದು ಜಾಹೀರಾತಿನ ಹಾಳೆಯಾಗುತ್ತದೆ. ಇವೆರಡರ ನಡುವಿನ ದಾರಿಯನ್ನು ವಾಣಿಜ್ಯ ಜಗತ್ತು ತನ್ನ ಆಡಳಿತ ಮಂಡಳಿಗಳಲ್ಲಿ ಬಹುಕಾಲದಿಂದ ಅನುಸರಿಸುತ್ತ ಬಂದಿದೆ: ಆಸಕ್ತಿಯುಳ್ಳವನು ಅದನ್ನು ಹೇಳಲಿ, ತನಗೆ ತಿಳಿದುದನ್ನು ಮುಂದಿಡಲಿ, ನಿರ್ಣಯವನ್ನು ಆಸಕ್ತಿಯಿಲ್ಲದವರು ಕೈಗೊಳ್ಳಲಿ. ಸಭೆಯ ನಡವಳಿಯಲ್ಲಿ ಪಾಲಿಸುವ ಈ ಶಿಸ್ತನ್ನು ವಿಶ್ವಕೋಶದ ಪುಟದಲ್ಲಿಯೂ ಪಾಲಿಸಿದರೆ ಉದ್ಯಮಕ್ಕೆ ನಷ್ಟವಾಗುವುದಿಲ್ಲ. ತಪ್ಪು ತಿದ್ದುವುದಕ್ಕೆ ಕೆಲವು ವಾರ ಹೆಚ್ಚು ಹಿಡಿಯಬಹುದು. ಹಾಗೆ ತಿದ್ದಿದ ಮಾತನ್ನು ಖರೀದಿದಾರನು ನಂಬಲು ಸಕಾರಣವಿರುತ್ತದೆ.